ತ್ರಿಶಂಕುವಿನ ನಕ್ಷತ್ರ

ಹೊರನಾಡಿನಲ್ಲಿ ನೆಲೆಸಿದ ಕನ್ನಡಿಗರ ಯಾವ ಸಭೆಗೆ ಹೋದರೂ ಒಂದು ಮಾತು ಕಿವಿಗೆ ಬಿದ್ದೇ ಬೀಳುತ್ತದೆ: “ನಮ್ಮದು ತ್ರಿಶಂಕು ಸ್ಥಿತಿ.” ಅಲ್ಲಿಯವರೂ ಅಲ್ಲ, ಇಲ್ಲಿಯವರೂ ಅಲ್ಲ ಎಂಬುದು ಅದರ ತಾತ್ಪರ್ಯ. ಹಿರಿಯರು ನಿಟ್ಟುಸಿರಿನೊಡನೆ ಈ ಮಾತನ್ನಾಡಿ, ಕಾಫಿ ಕುಡಿದು, ಮನೆಗೆ ಹೊರಡುತ್ತಾರೆ. ಆದರೆ ಜಮಖಾನದ ಮೇಲೆ ಮುಂದೆಯೇ ಕುಳಿತ ಮಕ್ಕಳು ಅದನ್ನು ಕೇಳಿಸಿಕೊಂಡಿರುತ್ತಾರೆ. ವಿಶಾಖಪಟ್ಟಣದಲ್ಲಿ ಹುಟ್ಟಿ, ಬೀದಿಯಲ್ಲಿ ತೆಲುಗು, ಮನೆಯಲ್ಲಿ ಕನ್ನಡ ಆಡುತ್ತ ಬೆಳೆಯುವ ಮಗುವಿಗೆ, ನೀನು ನಡುವೆ ನೇತಾಡುತ್ತಿರುವವನು ಎಂದು ವರ್ಷವರ್ಷವೂ ಹೇಳಿಕೊಡುವುದು ಸರಿಯೆ? ಹೇಳುವುದೇ ಆದರೆ ತ್ರಿಶಂಕುವಿಗೆ ಕಡೆಗೇನಾಯಿತು ಎಂಬುದನ್ನೂ ಹೇಳಬೇಡವೆ? ಅರ್ಧ ಕಥೆಯನ್ನು ಹಿಡಿದು ನಾವು ನಾಣ್ಣುಡಿ ಮಾಡಿಕೊಂಡಿದ್ದೇವೆ.

ಕಥೆ ವಾಲ್ಮೀಕಿ ರಾಮಾಯಣದ ಬಾಲಕಾಂಡದ್ದು. ಮಿಥಿಲೆಯಲ್ಲಿ ಶತಾನಂದನು ರಾಮನಿಗೆ ಹೇಳಿದ್ದು. ಇಕ್ಷ್ವಾಕು ವಂಶದ ಅರಸನಾದ ತ್ರಿಶಂಕುವಿಗೆ ಈ ದೇಹದಿಂದಲೇ ಸ್ವರ್ಗಕ್ಕೆ ಹೋಗುವ ಹಂಬಲ. ಕುಲಗುರು ವಸಿಷ್ಠನು ಆಗದೆಂದ; ವಸಿಷ್ಠನ ಮಕ್ಕಳು ಚಂಡಾಲನಾಗೆಂದು ಶಪಿಸಿದರು. ಎಲ್ಲರೂ ಕೈಬಿಟ್ಟವನನ್ನು ವಿಶ್ವಾಮಿತ್ರನು ಕರೆದು ಕೂರಿಸಿ ಯಾಗ ಹೂಡಿದ. ದೇವತೆಗಳು ಹವಿಸ್ಸಿಗೆ ಬರಲಿಲ್ಲ. ತನ್ನ ತಪಸ್ಸಿನ ಗಂಟನ್ನೇ ವೆಚ್ಚಮಾಡಿ ಋಷಿ ಅವನನ್ನು ಮೇಲೇರಿಸಿದ. ಇಂದ್ರನು ತಲೆಕೆಳಗಾಗಿ ಬೀಳೆಂದು ನೂಕಿದ. ಕೂಗುತ್ತ ಬೀಳುತ್ತಿದ್ದವನನ್ನು ವಿಶ್ವಾಮಿತ್ರನು “ನಿಲ್ಲು” ಎಂದು ನಡುದಾರಿಯಲ್ಲೇ ತಡೆದ. ನಮ್ಮ ನಾಣ್ಣುಡಿ ಇಲ್ಲಿಗೇ ನಿಂತುಬಿಡುತ್ತದೆ.

ಕಥೆ ಮಾತ್ರ ಮುಂದುವರಿಯುತ್ತದೆ. ವಿಶ್ವಾಮಿತ್ರನು ದಕ್ಷಿಣ ದಿಕ್ಕಿನಲ್ಲಿ ಬೇರೆ ಸಪ್ತರ್ಷಿಗಳನ್ನೂ ಬೇರೆ ನಕ್ಷತ್ರಮಾಲೆಯನ್ನೂ ಸೃಷ್ಟಿಸಿ, ಇನ್ನೊಬ್ಬ ಇಂದ್ರನನ್ನು ಮಾಡುವೆ, ಇಲ್ಲವೆ ಇಂದ್ರನೇ ಇಲ್ಲದ ಲೋಕವನ್ನು ಮಾಡುವೆ ಎಂದು ಹೊರಟಾಗ ದೇವತೆಗಳು ಓಡಿಬಂದು ರಾಜಿಗೆ ಕುಳಿತರು. ಒಪ್ಪಂದವಾದದ್ದು ಹೀಗೆ: ಹೊಸ ನಕ್ಷತ್ರಗಳು ವೈಶ್ವಾನರ ಪಥದ ಹೊರಗೆ ಶಾಶ್ವತವಾಗಿರಲಿ, ತ್ರಿಶಂಕು ತಲೆಕೆಳಗಾಗಿಯೇ, ದೇವತೆಗೆ ಸಮಾನನಾಗಿ ಅಲ್ಲಿ ಬೆಳಗಲಿ, ಆ ಜ್ಯೋತಿಗಳು ಅವನ ಹಿಂದೆ ನಡೆಯಲಿ. ನನ್ನಂಥ ಗುಮಾಸ್ತನ ಭಾಷೆಯಲ್ಲಿ ಹೇಳುವುದಾದರೆ, ಅರ್ಜಿ ತಿರಸ್ಕೃತವಾದವನಿಗೆ ಪ್ರತ್ಯೇಕ ಹುದ್ದೆಯೇ ಮಂಜೂರಾಗಿ, ಮೇಲಿನವರ ರುಜುವೂ ಬಿದ್ದಿತು. ಎರಡು ಮೇಜುಗಳ ನಡುವೆ ಸಿಕ್ಕಿಕೊಂಡ ಕಡತಕ್ಕೆ ಕಚೇರಿಗಳಲ್ಲಿ ತ್ರಿಶಂಕುವೆಂದು ಹೆಸರಿಡುವವರು ಇದನ್ನು ಗಮನಿಸಬೇಕು.

ಈ ಋಷಿ ನಮ್ಮ ತೆಲುಗು ನೆರೆಯವರಿಗೂ ದೂರದವನಲ್ಲ. ವಿಶ್ವಾಮಿತ್ರನು ಶುನಶ್ಶೇಪನನ್ನು ಹಿರಿಯ ಮಗನೆಂದು ಸ್ವೀಕರಿಸಿದಾಗ ಐವತ್ತು ಮಂದಿ ಮಕ್ಕಳು ಒಪ್ಪಲಿಲ್ಲ. ನಿಮ್ಮ ಸಂತತಿಗೆ ನಾಡಿನ ಅಂಚೇ ಪಾಲಾಗಲಿ ಎಂದು ತಂದೆ ಶಪಿಸಿದ. ಹಾಗೆ ಅಂಚಿಗೆ ಹೋದವರ ಪಟ್ಟಿಯಲ್ಲಿ ಐತರೇಯ ಬ್ರಾಹ್ಮಣವು ಆಂಧ್ರರನ್ನು ಹೆಸರಿಸುತ್ತದೆ. ಆಂಧ್ರರ ಹೆಸರು ಬರುವ ಬಹು ಹಳೆಯ ಕಡೆಗಳಲ್ಲಿ ಇದೊಂದು. ಇತ್ತ ನಮ್ಮ ಹಂಪೆಯ ರಾಘವಾಂಕನು ಕಾವ್ಯ ಕಟ್ಟಿದ್ದು ಹರಿಶ್ಚಂದ್ರನ ಮೇಲೆ. ಪುರಾಣಗಳ ಪ್ರಕಾರ ಆತ ತ್ರಿಶಂಕುವಿನ ಮಗ. ಅಲ್ಲಿಯೂ ವಸಿಷ್ಠ ವಿಶ್ವಾಮಿತ್ರರ ಜಗಳವೇ ಕಥೆಗೆ ಮೂಲ. ಋಷಿಕೊಂಡವೆಂಬ ಹೆಸರು ಕನ್ನಡದ ಕಿವಿಗೆ ಕೆಂಡದ ಕೊಂಡವನ್ನು ನೆನಪಿಗೆ ತಂದರೂ ತೆಲುಗಿನ ಕೊಂಡ ಬೆಟ್ಟವಷ್ಟೆ. ಋಷಿಯ ಬೆಟ್ಟದ ಕೆಳಗೆ ನಿಂತು ಋಷಿಯ ಸೃಷ್ಟಿಯನ್ನು ನೋಡಬಹುದೆಂಬುದು ನಮ್ಮೂರಿನ ಭಾಗ್ಯ.

ಆ ಸೃಷ್ಟಿ ಆಕಾಶದಲ್ಲಿ ಎಲ್ಲಿದೆ? ರಾಮಾಯಣ ದಕ್ಷಿಣ ದಿಕ್ಕೆಂದಷ್ಟೇ ಹೇಳುತ್ತದೆ. ಪಾಶ್ಚಾತ್ಯರು ದಕ್ಷಿಣದ ಶಿಲುಬೆ ಎನ್ನುವ ಪುಟ್ಟ ಪುಂಜವನ್ನೇ ನಮ್ಮವರು ತ್ರಿಶಂಕುವೆಂದು ತೋರಿಸುತ್ತ ಬಂದಿದ್ದಾರೆ. ಗಾಳಿಪಟದ ಆಕಾರ, ನಾಲ್ಕು ಮುಖ್ಯ ನಕ್ಷತ್ರಗಳು. ತುದಿಯದು ಕೆಂಪು, ಸುಮಾರು 88 ಜ್ಯೋತಿರ್ವರ್ಷ ದೂರ. ಬುಡದ್ದು ಎಲ್ಲಕ್ಕಿಂತ ಪ್ರಕಾಶಮಾನ, 300 ಜ್ಯೋತಿರ್ವರ್ಷಕ್ಕೂ ಮೀರಿದ ದೂರ.

ಕೈಯನ್ನು ನೀಳವಾಗಿ ಚಾಚಿ ಮುಷ್ಟಿ ಹಿಡಿದರೆ ಆಕಾಶದಲ್ಲಿ ಸುಮಾರು ಹತ್ತು ಡಿಗ್ರಿಯನ್ನು ಮರೆಮಾಡುತ್ತದೆ. ಋಷಿಕೊಂಡದಲ್ಲಿ ಬುಡದ ನಕ್ಷತ್ರವು ಅತಿ ಎತ್ತರಕ್ಕೆ ಬಂದಾಗ ದಿಗಂತದಿಂದ 9 ಡಿಗ್ರಿ, ಎಂದರೆ ಒಂದು ಮುಷ್ಟಿಗೆ ಕೊಂಚ ಕಡಿಮೆ. ವಿಜಯವಾಡದಲ್ಲಿ ಹತ್ತು ಡಿಗ್ರಿ ದಾಟುತ್ತದೆ. ಮೈಸೂರಿನಲ್ಲಿ ಹದಿನಾಲ್ಕೂವರೆ, ಒಂದೂವರೆ ಮುಷ್ಟಿ. ಊರು ಬಿಟ್ಟು ಇಲ್ಲಿಗೆ ಬಂದದ್ದರಿಂದ ತ್ರಿಶಂಕು ನಮಗೆ ಮೂರು ಬೆರಳಿನಷ್ಟು ಕೆಳಗಿಳಿದಿದ್ದಾನೆ, ಅಷ್ಟೆ. ದೆಹಲಿಗೆ ಹೋದ ನಮ್ಮ ಬಂಧುಗಳಿಗೆ ಬುಡದ ನಕ್ಷತ್ರ ಹುಟ್ಟುವುದೇ ಇಲ್ಲ. ಮೆಲ್ಬೋರ್ನಿಗೆ ಹೋದವರಿಗೆ ಅದು ಮುಳುಗುವುದೇ ಇಲ್ಲ. ರಾತ್ರಿಯಿಡೀ ಧ್ರುವವನ್ನು ಸುತ್ತುತ್ತ, ನವೆಂಬರಿನ ರಾತ್ರಿಗಳಲ್ಲಿ ನಿಜವಾಗಿಯೇ ತಲೆಕೆಳಗಾಗಿ ನಿಲ್ಲುತ್ತದೆ. ಆ ದೇಶದವರು ಅದನ್ನು ದುರವಸ್ಥೆಯೆಂದು ತಿಳಿಯದೆ ತಮ್ಮ ಧ್ವಜದಲ್ಲೇ ಇಟ್ಟುಕೊಂಡಿದ್ದಾರೆ. ನ್ಯೂಜಿಲೆಂಡಿನವರೂ ಹಾಗೆಯೇ.

ನಕ್ಷತ್ರವೂ ಇದ್ದಲ್ಲೇ ಇದ್ದುದಲ್ಲ. ಭೂಮಿಯ ಅಕ್ಷವು ಬುಗುರಿಯಂತೆ ಓಲಾಡುತ್ತ ಸುಮಾರು 26,000 ವರ್ಷಕ್ಕೆ ಒಂದು ಸುತ್ತು ಮುಗಿಸುವುದರಿಂದ ಈ ಪುಂಜವು ನಿಧಾನವಾಗಿ ದಕ್ಷಿಣಕ್ಕೆ ಸರಿದಿದೆ. ಎರಡು ಸಾವಿರ ವರ್ಷಗಳ ಹಿಂದೆ, ಈಗಿನ ದೆಹಲಿ ಇರುವ ಕಡೆ ನಿಂತವನಿಗೆ ಅದು ಹೆಚ್ಚುಕಡಿಮೆ ಇಂದು ಋಷಿಕೊಂಡದಲ್ಲಿ ಕಾಣುವಷ್ಟೇ ಎತ್ತರದಲ್ಲಿ ಕಾಣುತ್ತಿತ್ತು. ಗ್ರೀಕರೂ ತಮ್ಮ ನಾಡಿನಿಂದ ಕಂಡಿದ್ದರು. ಆಮೇಲೆ ಅವರಿಗದು ಮರೆಯಾಯಿತು. ಉತ್ತರದವರ ಕಣ್ಣೆದುರಿಗೇ ಕೆಳಗೆ ಕೆಳಗೆ ಇಳಿದ ತಾರೆಗಳಿಗೆ ಬೀಳುತ್ತಿದ್ದ ಅರಸನ ಕಥೆ ಅಂಟಿಕೊಂಡದ್ದು ಎಷ್ಟು ಸಹಜ!

ವಿಶಾಖಪಟ್ಟಣಕ್ಕೆ ಆಕಾಶ ನೋಡುವ ಹವ್ಯಾಸ ಹೊಸತೇನಲ್ಲ. ಗೋಡೆ ವೆಂಕಟ ಜಗ್ಗಾರಾವು ಎಂಬ ಮಹನೀಯರು 1840ರಲ್ಲಿಯೇ ಇಲ್ಲಿ ಸ್ವಂತ ವೀಕ್ಷಣಾಲಯ ಸ್ಥಾಪಿಸಿದ್ದರು. ಅವರ ತರುವಾಯ ಅಂಕಿತಂ ವೆಂಕಟ ನರಸಿಂಗರಾಯರು ಅದನ್ನು ನಡೆಸಿ, 1874ರ ಶುಕ್ರಸಂಕ್ರಮವನ್ನು ಅಲ್ಲಿಂದ ವೀಕ್ಷಿಸಿದರು. ಆ ವೀಕ್ಷಣಾಲಯ ಈಗಿಲ್ಲ. ತ್ರಿಶಂಕುವಿಗೆ ದೂರದರ್ಶಕವೂ ಬೇಕಿಲ್ಲ.

ಮೇ ತಿಂಗಳ ನಡುವೆ ರಾತ್ರಿ 9 ಗಂಟೆಗೆ, ತಿಂಗಳ ಕೊನೆಯಾದರೆ 8 ಗಂಟೆಗೆ, ಚಂದ್ರನಿಲ್ಲದ ದಿನ ನೋಡಿ ಮಕ್ಕಳನ್ನು ಋಷಿಕೊಂಡದ ಮರಳಿಗೆ ಕರೆದೊಯ್ಯಿರಿ. ನೇರ ದಕ್ಷಿಣಕ್ಕೆ ಮುಖಮಾಡಿದರೆ ಎದುರಿಗೆ ಸಮುದ್ರವೇ, ಕಟ್ಟಡದ ಅಡ್ಡಿಯಿಲ್ಲ. ಎಡಗಡೆ ಇನ್ನೂ ತಗ್ಗಿನಲ್ಲಿ ಎರಡು ಉಜ್ವಲ ತಾರೆಗಳು ತ್ರಿಶಂಕುವಿನತ್ತ ಬೆರಳು ತೋರುವಂತಿರುತ್ತವೆ. ಅವುಗಳಲ್ಲಿ ಹೆಚ್ಚು ಎಡದ್ದು ಒಂದಲ್ಲ, ಜೋಡಿ ಎಂಬುದನ್ನು 1689ರಲ್ಲಿ ಕಂಡುಕೊಂಡದ್ದು ಇದೇ ಕರಾವಳಿಯ ಪುದುಚೇರಿಯಿಂದ, ರಿಶೋ ಎಂಬ ಜೆಸ್ಯೂಟ್ ಪಾದ್ರಿ. ಬೇಸಗೆಯ ಮಬ್ಬು ದಿಗಂತವನ್ನು ನುಂಗಿಬಿಡುತ್ತದಾದ್ದರಿಂದ ಒಂದು ಮಳೆ ಬಿದ್ದು ಆಕಾಶ ತೊಳೆದ ಮರುದಿನ ಹೋಗುವುದು ಲೇಸು. ನೀರಿನ ಅಂಚಿನಲ್ಲೇ ಮಿನುಗುವುವು ಮೀನುಗಾರರ ದೋಣಿಯ ದೀಪಗಳು; ಅವುಗಳಿಗಿಂತ ಒಂದು ಮುಷ್ಟಿ ಮೇಲೆ ನೋಡಬೇಕು.