ನಡೆಯುವ ಮೊದಲೇ ಬರೆದಿಟ್ಟ ಚರಿತ್ರೆ

ಚರಿತ್ರೆಯೆಂದರೆ ನಡೆದುಹೋದುದರ ಬರಹ, ಸರಿಯಷ್ಟೆ. ನಡೆಯುವ ಮೊದಲೇ ಅದನ್ನು ಬರೆದಿಟ್ಟರೆ? ಕೊಲಂಬಿಯಾ ದೇಶದ ಗೇಬ್ರಿಯಲ್ ಗಾರ್ಸಿಯಾ ಮಾರ್ಕ್ವೆಜ್ 1967ರಲ್ಲಿ ಪ್ರಕಟಿಸಿದ ‘ನೂರು ವರ್ಷದ ಏಕಾಂತ’ ಕಾದಂಬರಿಯೊಳಗೆ ಅಂಥದೊಂದು ಮಾಯಾಗ್ರಂಥವುಂಟು.

ಮಕೊಂಡೊ ಎಂಬ ಕಲ್ಪಿತ ಊರಿಗೆ ಬರುವ ಜಿಪ್ಸಿ ಮೆಲ್ಕಿಯಾಡೆಸ್, ಅಲ್ಲಿಯ ಬುಯೆಂದಿಯಾ ಮನೆತನದ ನೂರು ವರ್ಷಗಳ ಕಥೆಯನ್ನು ಚರ್ಮಪತ್ರಗಳಲ್ಲಿ ಮುಂಗಡವಾಗಿ ಬರೆದಿಡುತ್ತಾನೆ. ಯಾವ ಭಾಷೆಯಲ್ಲಿ ಬಲ್ಲಿರಾ? ಸಂಸ್ಕೃತದಲ್ಲಿ! ಅದು ಅವನ ಮಾತೃಭಾಷೆಯಂತೆ. ಜಿಪ್ಸಿಗಳ ಮೂಲ ಭಾರತವೆಂಬುದನ್ನು ನೆನೆದರೆ ಇದು ಕೇವಲ ವಿನೋದವಲ್ಲ. ಸಾಲದುದಕ್ಕೆ, ಗೂಢಲಿಪಿಯ ಬೀಗ ಬೇರೆ. ಅದರಲ್ಲಿ ಘಟನೆಗಳು ಒಂದಾದ ಮೇಲೊಂದು ಬರುವುದಿಲ್ಲ. ಶತಮಾನವೆಲ್ಲ ಒಂದೇ ಕ್ಷಣದಲ್ಲಿ ಹೆಪ್ಪುಗಟ್ಟಿದೆ.

ಈ ಮಾಯೆಯ ಹಿಂದೆ ಕಟುಸತ್ಯವೊಂದಿದೆ. 1928ರ ಡಿಸೆಂಬರಿನಲ್ಲಿ ಕೊಲಂಬಿಯಾದ ಸಿಯೆನಗಾ ಪಟ್ಟಣದಲ್ಲಿ, ಮುಷ್ಕರ ಹೂಡಿದ್ದ ಬಾಳೆತೋಟದ ಕೂಲಿಗಾರರ ಮೇಲೆ ಸೈನ್ಯ ಗುಂಡು ಹಾರಿಸಿತು. ಸತ್ತವರೆಷ್ಟು ಎಂಬುದು ಇಂದಿಗೂ ವಿವಾದಗ್ರಸ್ತ. ಕಾದಂಬರಿಯಲ್ಲಿ ಇಂಥದೇ ಹತ್ಯೆಯಿಂದ ಬದುಕಿ ಬಂದವನ ಮಾತನ್ನು ಊರು ನಂಬುವುದಿಲ್ಲ. ಏನೂ ನಡೆದೇ ಇಲ್ಲವೆಂದು ಸರಕಾರ ಸಾರುತ್ತದೆ. ಆ ಸಾಕ್ಷಿಗೆ ಆಶ್ರಯ ದೊರೆಯುವುದು ಚರ್ಮಪತ್ರಗಳಿದ್ದ ಕೋಣೆಯಲ್ಲಿ.

ಕೊನೆಗೆ ವಂಶದ ಕಡೆಯ ಕುಡಿ ಆ ಲಿಪಿಯನ್ನು ಬಿಡಿಸಿ ಓದುತ್ತಾನೆ. ಓದು ಮುಗಿಯುವುದಕ್ಕೂ ಬಿರುಗಾಳಿ ಊರನ್ನು ಅಳಿಸುವುದಕ್ಕೂ ಸರಿಹೋಗುತ್ತದೆ. ಅರಿವು ದೊರೆತಾಗ ಕಾಲ ಮೀರಿತ್ತು.

ಮೆಲ್ಕಿಯಾಡೆಸನ ಗ್ರಂಥ ಯಾರನ್ನೂ ಉಳಿಸಲಿಲ್ಲ. ಆದರೆ ಸಿಯೆನಗಾದ ಸಾವುಗಳನ್ನು ದೂರದ ದೇಶಗಳ ಓದುಗರು ನೆನೆಯುತ್ತಿರುವುದು ಬಹುಮಟ್ಟಿಗೆ ಮಾರ್ಕ್ವೆಜರ ಈ ಕಟ್ಟುಕಥೆಯಿಂದಲೇ. ಚರಿತ್ರೆ ಬಾಯಿ ಮುಚ್ಚಿದಾಗ ಕಥೆ ಸಾಕ್ಷಿ ನುಡಿಯಬೇಕಾಗುತ್ತದೆ.