ಹಾಸ್ಯಗಾರನಿಗೆ ಸಲ್ಲಬೇಕಾದ ಮರ್ಯಾದೆ

ತಿಪಟೂರಿನ ಕೊಬ್ಬರಿಯ ಕೀರ್ತಿಯು ದೂರದ ಪೇಟೆಗಳನ್ನು ಮುಟ್ಟಿರುವ ಸಂಗತಿಯನ್ನು ವಾಚಕರು ಬಲ್ಲರು. ಅದೇ ಊರಿನಲ್ಲಿ ೧೯೨೩ರಲ್ಲಿ ಜನಿಸಿದ ನಟ ಟಿ.ಆರ್. ನರಸಿಂಹರಾಜು ಅವರ ಕೀರ್ತಿಯೂ ಕನ್ನಡವಿರುವೆಡೆಯೆಲ್ಲ ಹರಡಿತು. ಆದರೆ ದಂಡಿನಶಿವರದ ಸುತ್ತಣ ಈ ತೆಂಗಿನ ಸೀಮೆಯಲ್ಲಿಯೂ ಆ ಹೆಸರನ್ನೆತ್ತಿದೊಡನೆ ಮೊದಲು ಬರುವುದು ನಗೆ, ಮರ್ಯಾದೆಯು ಆಮೇಲೆ. ಈ ಕ್ರಮವು ನ್ಯಾಯವೇ ಎಂದು ವಿಚಾರಿಸುವುದು ನಮ್ಮ ಉದ್ದೇಶ.

ಬಾಲ್ಯದಲ್ಲಿಯೇ ಬಣ್ಣ ಹಚ್ಚಿದ ಅವರು ಮುಂದೆ ಗುಬ್ಬಿ ವೀರಣ್ಣನವರ ಕಂಪನಿಯಲ್ಲಿ ಪಳಗಿದರು. ವೀರಣ್ಣನವರಾದರೂ ‘ಸದಾರಮೆ’ಯ ಕಳ್ಳನ ಪಾತ್ರದಿಂದ ನಾಡನ್ನು ನಗಿಸಿ ಹೆಸರಾದವರು. ಅಂಥ ಯಜಮಾನರ ಗರಡಿಯಲ್ಲಿ ಹಾಸ್ಯವೆಂದರೆ ಶಿಸ್ತಿನ ವಿದ್ಯೆಯೇ ಆಗಿದ್ದಿತು.

೧೯೫೪ರಲ್ಲಿ ಎಚ್.ಎಲ್.ಎನ್. ಸಿಂಹರು ನಿರ್ದೇಶಿಸಿದ ‘ಬೇಡರ ಕಣ್ಣಪ್ಪ’ ಚಿತ್ರವು ತೆರೆಗೆ ಬಂದಿತು. ಅದರಲ್ಲಿ ರಾಜಕುಮಾರರು ನಾಯಕರು. ನರಸಿಂಹರಾಜು ಅರ್ಚಕನ ಮಗನಾದ ಕಾಶಿ. ಅಲ್ಲಿಂದಾಚೆಗೆ ಇಪ್ಪತ್ತೈದು ವರ್ಷಗಳ ಕಾಲ ನಾಯಕನಿಗೆ ಅರಸು, ಸಂತ, ರೈತ ಮೊದಲಾದ ಎಲ್ಲ ವೇಷಗಳೂ ದೊರೆತವು. ಸಣಕಲು ಮೈಯ, ಮುಂಚಾಚಿದ ಹಲ್ಲಿನ ಈ ನಟರಿಗೆ ದೊರೆತದ್ದು ಬಹುತೇಕ ಒಂದೇ ಸ್ಥಾನ. ಆ ಕಿರಿದಾದ ಸ್ಥಾನದಲ್ಲಿ ಅವರು ತೋರಿದ ಚಾತುರ್ಯಕ್ಕೆ ೧೯೬೫ರ ‘ಸತ್ಯ ಹರಿಶ್ಚಂದ್ರ’ದ ನಕ್ಷತ್ರಿಕನೇ ಸಾಕ್ಷಿ. ಸಾಲವಸೂಲಿಗೆಂದು ರಾಜನ ಬೆನ್ನು ಹತ್ತಿದ ಆ ಪಾತ್ರವು ಅತಿಯಾಗಿ ನಗಿಸಿದರೆ ರಾಜನ ದುಃಖವು ಹಗುರವಾಗುತ್ತದೆ. ಅತಿಯಾಗಿ ಪೀಡಿಸಿದರೆ ಪ್ರೇಕ್ಷಕನಿಗೆ ಜುಗುಪ್ಸೆ ಹುಟ್ಟುತ್ತದೆ. ಇವೆರಡರ ನಡುವಣ ದಾರಿಯು ಕೂದಲೆಳೆಯಷ್ಟು ಸಣ್ಣದು.

ಇನ್ನೊಂದು ಸಂಗತಿಯನ್ನು ಕನ್ನಡಿಗರು ಮರೆಯಲಾಗದು. ಕನ್ನಡ ಚಿತ್ರಗಳೇ ವಿರಳವಾಗಿ ಕಲಾವಿದರಿಗೆ ಕೆಲಸವಿಲ್ಲದಿದ್ದ ದಿನಗಳಲ್ಲಿ ರಾಜಕುಮಾರ್, ಬಾಲಕೃಷ್ಣ, ಜಿ.ವಿ. ಅಯ್ಯರ್ ಮತ್ತು ನರಸಿಂಹರಾಜು ಈ ನಾಲ್ವರು ಕಲಾವಿದರ ಸಂಘವನ್ನು ಕಟ್ಟಿ, ಊರೂರಿನಲ್ಲಿ ನಾಟಕಗಳನ್ನಾಡಿ, ೧೯೬೦ರಲ್ಲಿ ‘ರಣಧೀರ ಕಂಠೀರವ’ವನ್ನು ನಿರ್ಮಿಸಿದರು. ಕಷ್ಟದ ಹೊರೆಯನ್ನು ಹೊರುವಾಗ ನಾಯಕನ ಹೆಗಲು, ಹಾಸ್ಯಗಾರನ ಹೆಗಲು ಎಂಬ ಭೇದವಿರಲಿಲ್ಲ. ಹೊರೆಯಲ್ಲಿ ಸಮಪಾಲು ಪಡೆದವರಿಗೆ ಗೌರವದಲ್ಲಿ ಮಾತ್ರ ಕಡಿಮೆ ಪಾಲೇ?

೧೯೭೪ರಲ್ಲಿ ಅವರು ತಾವೇ ‘ಪ್ರೊಫೆಸರ್ ಹುಚ್ಚುರಾಯ’ ಚಿತ್ರವನ್ನು ನಿರ್ಮಿಸಿ ಅದರ ಮುಖ್ಯ ಪಾತ್ರವನ್ನು ವಹಿಸಿದರು. ಪಕ್ಕದ ಪೀಠದಲ್ಲಿಯೇ ಕುಳ್ಳಿರಿಸಲ್ಪಟ್ಟವರು ಒಮ್ಮೆಯಾದರೂ ನಡುಮನೆಯಲ್ಲಿ ಕೂರಬಯಸಿದ್ದರಲ್ಲಿ ಆಶ್ಚರ್ಯವೇನು? ೧೯೭೯ರ ಜುಲೈ ತಿಂಗಳಲ್ಲಿ, ಐವತ್ತೈದನೆಯ ವಯಸ್ಸಿನಲ್ಲಿ, ಅವರು ಕಾಲವಾದರು.

ನಮ್ಮ ಪಾಠಶಾಲೆಗಳ ವಾರ್ಷಿಕೋತ್ಸವದಲ್ಲಿ ಚೆಲುವನಿಗೆ ರಾಜನ ಪಾತ್ರವನ್ನೂ, ಇನ್ನಾವುದಕ್ಕೂ ಒದಗದವನೆಂದು ಎಣಿಸಿದ ಹುಡುಗನಿಗೆ ಹಾಸ್ಯದ ಪಾತ್ರವನ್ನೂ ಕೊಡುವ ವಾಡಿಕೆಯಿದೆ. ಈ ಸೀಮೆಯ ಉಪಾಧ್ಯಾಯರು ಮುಂದಿನ ಸಲ ಆ ಪಾತ್ರವನ್ನು ಅತ್ಯಂತ ಬುದ್ಧಿವಂತನಾದ ಹುಡುಗನಿಗೆ ಕೊಟ್ಟು ನೋಡಲಿ. ನರಸಿಂಹರಾಜು ಅವರಿಗೆ ನಾವು ಸಲ್ಲಿಸಬೇಕಾದ ಮರ್ಯಾದೆಯು ಅಲ್ಲಿಂದಲೇ ಆರಂಭವಾಗಲಿ.