ಇಸ್ತ್ರಿ ಅಂಗಿಯ ಕಳ್ಳರು

1939ರ ಡಿಸೆಂಬರ್ 27, ಫಿಲಡೆಲ್ಫಿಯಾ. ಸಮಾಜಶಾಸ್ತ್ರಜ್ಞರೂ ಅರ್ಥಶಾಸ್ತ್ರಜ್ಞರೂ ಒಟ್ಟಿಗೆ ಕೂತಿದ್ದ ಸಭೆ. ಅಧ್ಯಕ್ಷ ಭಾಷಣಕ್ಕೆ ಎದ್ದವರು ಇಂಡಿಯಾನಾ ವಿಶ್ವವಿದ್ಯಾಲಯದ ಐವತ್ತಾರರ ಪ್ರೊಫೆಸರ್ ಎಡ್ವಿನ್ ಸದರ್‌ಲ್ಯಾಂಡ್. ಅವರು ಮುಂದಿಟ್ಟ ಲೆಕ್ಕಗಳಲ್ಲಿ ಒಂದು ಕಿರಾಣಿ ಅಂಗಡಿಯದು. ಊರೂರಲ್ಲಿ ಶಾಖೆಗಳಿದ್ದ ಒಂದು ಕಂಪನಿಯ ಅಂಗಡಿಗಳಿಗೆ ವರ್ಷದಲ್ಲಿ ಐನೂರು ಸಲ ಕನ್ನ ಬಿದ್ದಿತ್ತು, ದರೋಡೆಯಾಗಿತ್ತು. ಅದೇ ಕಂಪನಿಯ ಅಧಿಕಾರಿಯೊಬ್ಬ ಒಂದೇ ವರ್ಷದಲ್ಲಿ ಕೂತಲ್ಲೇ ನುಂಗಿದ್ದು 6 ಲಕ್ಷ ಡಾಲರ್. ಅಷ್ಟೂ ಕಳ್ಳರು ಸೇರಿ ಹೊತ್ತೊಯ್ದದ್ದರ ಆರು ಪಟ್ಟು!

ಇನ್ನೊಂದು ಲೆಕ್ಕ ಇದಕ್ಕಿಂತ ಖಾರ. ‘ಸಾರ್ವಜನಿಕ ಶತ್ರು’ ಎಂದು ಪೊಲೀಸರು ನಂಬರ್ ಕೊಟ್ಟು ಹುಡುಕುತ್ತಿದ್ದ ಮೊದಲ ಆರು ಮಂದಿ 1938ರಲ್ಲಿ ದೋಚಿದ್ದು 1.3 ಲಕ್ಷ ಡಾಲರ್. ಸ್ವೀಡನ್ನಿನ ಬೆಂಕಿಪೊಟ್ಟಣದ ದೊರೆ ಇವಾರ್ ಕ್ರೂಗರ್ ಮುಳುಗಿಸಿದ್ದು ಅಂದಾಜು 25 ಕೋಟಿ. ಅಡಿಕೆ ಕದ್ದರೂ ಕಳ್ಳ, ಆನೆ ಕದ್ದರೂ ಕಳ್ಳ ಅನ್ನುತ್ತೇವೆ ನಾವು. ಅಡಿಕೆಯವನಿಗೆ ಕೈಕೋಳ, ಆನೆಯವನಿಗೆ ನೋಟಿಸು ಏಕೆ ಎಂಬುದು ಸದರ್‌ಲ್ಯಾಂಡರ ಪ್ರಶ್ನೆ. ಗೌರವಸ್ಥರು, ಸ್ಥಾನಮಾನ ಉಳ್ಳವರು ತಮ್ಮ ಉದ್ಯೋಗದೊಳಗೇ ಎಸಗುವ ಅಪರಾಧಕ್ಕೆ ಅವರು ಕೊಟ್ಟ ಹೆಸರು ಇವತ್ತು ಎಲ್ಲರ ಬಾಯಲ್ಲಿದೆ: ವೈಟ್ ಕಾಲರ್ ಕ್ರೈಂ.

ಹೀಗೆ ಮಾತಾಡಿದವರು ಕ್ರಾಂತಿಕಾರಿಯೇನಲ್ಲ. ಹುಟ್ಟಿದ್ದು 1883ರಲ್ಲಿ, ನೆಬ್ರಾಸ್ಕದ ಗಿಬ್ಬನ್ ಎಂಬ ಸಣ್ಣ ಊರಲ್ಲಿ. ತಂದೆ ಬ್ಯಾಪ್ಟಿಸ್ಟ್ ಪಾದ್ರಿ, ಕಾಲೇಜಿನ ಅಧ್ಯಕ್ಷರೂ ಆಗಿದ್ದವರು. ಮಗ ಮೊದಲು ಲ್ಯಾಟಿನ್, ಗ್ರೀಕ್, ಶೀಘ್ರಲಿಪಿ ಕಲಿಸುವ ಮೇಷ್ಟ್ರಾದರು. ಶಿಕಾಗೋಗೆ ಹೋದದ್ದು ಇತಿಹಾಸ ಓದಲು, ಸಮಾಜಶಾಸ್ತ್ರ ಎಳೆದುಕೊಂಡಿತು. 1913ರಲ್ಲಿ ಡಾಕ್ಟರೇಟ್ ಬಂದದ್ದೂ ಅಪರಾಧದ ವಿಷಯಕ್ಕಲ್ಲ, ನಿರುದ್ಯೋಗದ ವಿಷಯಕ್ಕೆ. ಇಲಿನಾಯ್‌ನಲ್ಲಿ ಪಾಠ ಮಾಡುತ್ತಿದ್ದಾಗ ವಿಭಾಗದ ಮುಖ್ಯಸ್ಥರು ಅಪರಾಧಶಾಸ್ತ್ರಕ್ಕೊಂದು ಪಠ್ಯಪುಸ್ತಕ ಬರೆದುಕೊಡಿ ಎಂದರು. ‘ಕ್ರಿಮಿನಾಲಜಿ’ 1924ರಲ್ಲಿ ಅಚ್ಚಾಯಿತು. ಒಂದು ಶಾಸ್ತ್ರದ ಆಧಾರಸ್ತಂಭ ಎನಿಸಿಕೊಂಡ ಕೃತಿ ಹುಟ್ಟಿದ್ದು ಹೀಗೆ, ಹೇಳಿಸಿಕೊಂಡು ಬರೆದ ಕೆಲಸವಾಗಿ.

ಅಪರಾಧದ ಬಗ್ಗೆ ಅವರಿಗೆ ಸಿದ್ಧಾಂತ ಸಿಕ್ಕಿದ್ದಂತೂ ಇನ್ನೂ ತಮಾಷೆ. ಪುಸ್ತಕದ ಎರಡನೆಯ ಆವೃತ್ತಿ ಬಂದ ಮೇಲೆ, ಶಿಕಾಗೋದ ಸಮಾಜಶಾಸ್ತ್ರಜ್ಞ ಹೆನ್ರಿ ಮೆಕೇ ಮಾತಿನ ನಡುವೆ ‘ನಿಮ್ಮ ಸಿದ್ಧಾಂತ’ ಅಂದರಂತೆ. ಯಾವುದಪ್ಪಾ ನನ್ನ ಸಿದ್ಧಾಂತ ಎಂದು ಸದರ್‌ಲ್ಯಾಂಡ್ ಕೇಳಿದರು. ಮೆಕೇ ಪುಟದ ನಂಬರ್ ಹೇಳಿದರು! ತೆರೆದು ನೋಡಿದರೆ, ಬರೆದು ಮರೆತ ಕೆಲವು ಸಾಲುಗಳು. ಇದನ್ನು ಮುಂದೆ ಅವರೇ ಸಂಕೋಚವಿಲ್ಲದೆ ಹೇಳಿಕೊಂಡರು. ನಮ್ಮ ವಿಶ್ವವಿದ್ಯಾಲಯಗಳ ಕಾರಿಡಾರುಗಳಲ್ಲಿ ಇಂಥ ಪ್ರಾಮಾಣಿಕತೆ ಎಷ್ಟು ಕಂಡಿದ್ದೇವೆ ಎಂದು ಯೋಚಿಸುತ್ತಾ ಮುಂದೆ ಹೋಗೋಣ.

ಆ ಸಾಲುಗಳನ್ನು ಬೆಳೆಸಿ 1939ರಲ್ಲಿ ಸಿದ್ಧಾಂತವಾಗಿ ಮಂಡಿಸಿದರು. 1947ರಲ್ಲಿ ಒಂಬತ್ತು ಸೂತ್ರಗಳಲ್ಲಿ ಅಂತಿಮ ರೂಪ ಕೊಟ್ಟರು. ಹೆಸರು ಡಿಫರೆನ್ಷಿಯಲ್ ಅಸೋಸಿಯೇಷನ್. ಸಹವಾಸ ದೋಷದಿಂದ ಸನ್ಯಾಸಿ ಕೆಟ್ಟ ಎನ್ನುವ ನಮಗೆ ಇದೇನು ಹೊಸದು ಅನಿಸಬಹುದು. ಹೊಸದಿದೆ. ಅಪರಾಧ ರಕ್ತದಲ್ಲಿ ಬರುವುದಿಲ್ಲ, ದಡ್ಡತನದಿಂದ ಬರುವುದಿಲ್ಲ, ಬಡತನವೊಂದರಿಂದಲೂ ಬರುವುದಿಲ್ಲ. ಅದು ಕಲಿತ ವಿದ್ಯೆ. ಹತ್ತಿರದವರ ನಡುವೆ ಕೈಚಳಕದ ಜೊತೆಗೆ ‘ಇದರಲ್ಲಿ ತಪ್ಪೇನಿಲ್ಲ’ ಎನ್ನುವ ಸಮಜಾಯಿಷಿಯನ್ನೂ ಕಲಿಯುತ್ತೇವೆ. ಕಾನೂನು ಮುರಿಯಲು ಹೇಳುವ ಮಾತುಗಳು ಪಾಲಿಸಲು ಹೇಳುವ ಮಾತುಗಳಿಗಿಂತ ಹೆಚ್ಚು ತೂಗಿದಾಗ ಮನುಷ್ಯ ಆ ಕಡೆಗೆ ವಾಲುತ್ತಾನೆ. ಇದನ್ನು ಕೊಳೆಗೇರಿಯ ಹುಡುಗನಿಗೂ ಹಚ್ಚಬಹುದು, ಕಂಪನಿಯ ನಿರ್ದೇಶಕನಿಗೂ.

ಈ ಪಾಠದ ಒಂದಂಶ ಅವರಿಗೆ ಸಿಕ್ಕಿದ್ದು ಕಳ್ಳನೊಬ್ಬನಿಂದ. 1937ರ ‘ದಿ ಪ್ರೊಫೆಷನಲ್ ಥೀಫ್’ ಪುಸ್ತಕದಲ್ಲಿ ಅವನ ಹೆಸರು ಚಿಕ್ ಕಾನ್‌ವೆಲ್. ಕಸುಬಿನಲ್ಲಿ ಬ್ರಾಡ್‌ವೇ ಜೋನ್ಸ್. ಜೇಬುಗಳ್ಳರ ತಂಡದಲ್ಲಿ ಒಬ್ಬ ಅಡ್ಡ ನಿಂತು ಮೈ ಒತ್ತುತ್ತಾನೆ, ಇನ್ನೊಬ್ಬ ಪರ್ಸ್ ಎತ್ತುತ್ತಾನೆ. ಆಸೆ ಇದ್ದ ಮಾತ್ರಕ್ಕೆ ಯಾರೂ ಆ ತಂಡ ಸೇರುವಂತಿಲ್ಲ. ಹಳಬರು ಕಲಿಸಬೇಕು, ಒಪ್ಪಬೇಕು, ಇವನು ನಮ್ಮವನು ಅನ್ನಬೇಕು. ಸಿಕ್ಕಿಬಿದ್ದರೆ ಕೇಸು ‘ಫಿಕ್ಸ್’ ಮಾಡಿಸುವವನೂ ಗೊತ್ತಿರಬೇಕು. ವಕೀಲಿಗೂ ವೈದ್ಯಕ್ಕೂ ಇರುವಂಥ ಕಟ್ಟುಪಾಡು ಕಳ್ಳತನಕ್ಕೂ ಇತ್ತು.

ಆಮೇಲೆ ಬಂತು ಅವರ ದೊಡ್ಡ ಕೆಲಸ. ಅಮೆರಿಕದ ಅತಿ ದೊಡ್ಡ 70 ಕಂಪನಿಗಳನ್ನು ಆರಿಸಿಕೊಂಡು, ಅವುಗಳ ವಿರುದ್ಧ ನ್ಯಾಯಾಲಯಗಳೂ ಸರ್ಕಾರಿ ಆಯೋಗಗಳೂ ಕೊಟ್ಟ ತೀರ್ಪುಗಳನ್ನು ಒಂದೊಂದಾಗಿ ಹೆಕ್ಕಿದರು. ಒಳಗೊಳಗೇ ಒಪ್ಪಂದ ಮಾಡಿಕೊಂಡು ಸ್ಪರ್ಧೆ ಅಡಗಿಸಿದ್ದು, ಪೇಟೆಂಟ್ ಕದ್ದದ್ದು, ಜಾಹೀರಾತಿನ ಸುಳ್ಳು, ಕಾರ್ಮಿಕರ ಹಕ್ಕು ತುಳಿದದ್ದು. ಒಟ್ಟು 980 ತೀರ್ಪು. ತಲಾ ಹದಿನಾಲ್ಕು. ಒಂದೂ ಇಲ್ಲದ ಕಂಪನಿ ಒಂದೂ ಇರಲಿಲ್ಲ. ಕ್ರಿಮಿನಲ್ ಕೋರ್ಟುಗಳು ಕೊಟ್ಟದ್ದು 158 ಮಾತ್ರ. ಹಾಗಿದ್ದೂ 41 ಕಂಪನಿಗಳು ಸರಾಸರಿ ನಾಲ್ಕು ಸಲ ಶಿಕ್ಷೆಗೆ ಗುರಿಯಾಗಿದ್ದವು. ನಾಲ್ಕು ಸಲ ಸಿಕ್ಕಿಬಿದ್ದ ಮನೆಗಳ್ಳನನ್ನು ಅಲ್ಲಿನ ಹಲವು ರಾಜ್ಯಗಳ ಕಾನೂನು ‘ರೂಢಿಗತ ಅಪರಾಧಿ’ ಎನ್ನುತ್ತಿತ್ತು.

ಕ್ರಿಮಿನಲ್ ಕೋರ್ಟು ತಪ್ಪಿತಸ್ಥ ಎನ್ನದವರನ್ನು ಅಪರಾಧಿ ಎನ್ನುವುದು ಹೇಗೆ ಎಂದು 1947ರಲ್ಲಿ ಅಪರಾಧಶಾಸ್ತ್ರಜ್ಞ ಪಾಲ್ ಟ್ಯಾಪನ್ ತಕರಾರು ತೆಗೆದರು. ತಳ್ಳಿಹಾಕುವ ತಕರಾರಲ್ಲ, ಪದವನ್ನು ಸಡಿಲ ಬಿಟ್ಟರೆ ಯಾರಿಗೆ ಬೇಕಾದರೂ ಅಂಟಿಸಬಹುದು. ಆದರೆ ಕೇಸು ಕ್ರಿಮಿನಲ್ ಕೋರ್ಟಿಗೆ ಹೋಗದಂತೆ ಆಯೋಗದ ಕಟ್ಟೆಯಲ್ಲೇ ಮುಗಿಸಿಕೊಳ್ಳುವುದೇ ದೊಡ್ಡವರ ಅನುಕೂಲ ಎಂಬ ಸದರ್‌ಲ್ಯಾಂಡರ ಉತ್ತರ ನನಗೆ ಹೆಚ್ಚು ಗಟ್ಟಿ ಎನಿಸುತ್ತದೆ. ನಮ್ಮ ಪತ್ರಿಕೆಗಳನ್ನೇ ನೋಡಿ: ಸರಗಳ್ಳನ ಫೋಟೊ ಅಪರಾಧದ ಪುಟದಲ್ಲಿ, ಸಾಲ ಮುಳುಗಿಸಿದ ಉದ್ಯಮಿಯ ಸುದ್ದಿ ವಾಣಿಜ್ಯ ಪುಟದಲ್ಲಿ. ಭಾರತದಲ್ಲಿ ‘ವೈಟ್ ಕಾಲರ್ ಕ್ರೈಂ’ ಎಂಬ ಪದ ಸರ್ಕಾರಿ ಕಡತ ಸೇರಿದ್ದು ಭ್ರಷ್ಟಾಚಾರ ತಡೆಯಲು ನೇಮಿಸಿದ ಸಂತಾನಂ ಸಮಿತಿಯ 1964ರ ವರದಿಯ ಕಾಲಕ್ಕೆ. ಧಾರವಾಡದಲ್ಲಿ ಅಪರಾಧಶಾಸ್ತ್ರ ಓದುವ ಹುಡುಗರಿಗೂ ಸದರ್‌ಲ್ಯಾಂಡ್ ಪರಿಚಿತ ಹೆಸರು.

‘ವೈಟ್ ಕಾಲರ್ ಕ್ರೈಂ’ ಪುಸ್ತಕ 1949ರಲ್ಲಿ ಹೊರಬಂತು, ಕಂಪನಿಗಳ ಹೆಸರಿಲ್ಲದೆ. ಮಾನನಷ್ಟ ಮೊಕದ್ದಮೆಯ ಭಯ ಪ್ರಕಾಶಕರಿಗೆ. ವಿಶ್ವವಿದ್ಯಾಲಯದ ಆಡಳಿತಕ್ಕೂ ಇರಿಸುಮುರಿಸು. ಅಪರಾಧಕ್ಕೆ ಹೆಸರಿಟ್ಟವರು ಅಪರಾಧಿಗಳ ಹೆಸರನ್ನು ತಮ್ಮ ಕೈಯಾರೆ ಅಳಿಸಿಕೊಟ್ಟರು. ಮರುವರ್ಷದ ಅಕ್ಟೋಬರ್ 11ರಂದು ಇಂಡಿಯಾನಾದ ಬ್ಲೂಮಿಂಗ್ಟನ್ನಿನಲ್ಲಿ ಕ್ಯಾಂಪಸ್ಸಿನ ಕಡೆ ನಡೆದು ಹೋಗುತ್ತಿದ್ದಾಗ ಪಾರ್ಶ್ವವಾಯು ಬಡಿದು ತೀರಿಕೊಂಡರು. ಪಠ್ಯಪುಸ್ತಕವನ್ನು ಶಿಷ್ಯ ಡೊನಾಲ್ಡ್ ಕ್ರೆಸ್ಸಿ ಮುಂದುವರಿಸಿದರು.

ಹೆಸರುಗಳು ಹಿಂದಿರುಗಿದ್ದು 1983ರಲ್ಲಿ, ಯೇಲ್ ವಿಶ್ವವಿದ್ಯಾಲಯದ ಪ್ರಕಾಶನ ಪೂರ್ಣ ಪಾಠವನ್ನು ಅಚ್ಚು ಹಾಕಿದಾಗ. ತಲಾ 50 ತೀರ್ಪುಗಳೊಂದಿಗೆ ಪಟ್ಟಿಯ ತುದಿಯಲ್ಲಿ ಕೂತಿದ್ದವು ಆರ್ಮರ್ ಮತ್ತು ಸ್ವಿಫ್ಟ್, ಶಿಕಾಗೋದ ಮಾಂಸದ ಕಂಪನಿಗಳು. ಅವುಗಳ ಕಸಾಯಿಖಾನೆಗಳ ಹಿಂದಿನ ಕೇರಿಗೆ ‘ಬ್ಯಾಕ್ ಆಫ್ ದಿ ಯಾರ್ಡ್ಸ್’ ಎಂದೇ ಹೆಸರು. ಸದರ್‌ಲ್ಯಾಂಡ್ ಓದಿದ, ಕಲಿಸಿದ ವಿಶ್ವವಿದ್ಯಾಲಯದಿಂದ ಕೆಲವೇ ಮೈಲಿ. ಮೆಕೇ ಮತ್ತು ಅವರ ಜೊತೆಗಾರ ಕ್ಲಿಫರ್ಡ್ ಶಾ ಬಾಲಾಪರಾಧಿಗಳ ಮನೆಗಳನ್ನು ಹುಡುಕಿ ನಗರದ ನಕ್ಷೆಯ ಮೇಲೆ ಒಂದೊಂದಕ್ಕೂ ಒಂದು ಚುಕ್ಕಿ ಇಡುತ್ತಿದ್ದರು. ಆ ಕೇರಿಯ ಹುಡುಗರ ಮನೆಗಳಿಗೂ ಚುಕ್ಕಿ ಬಿದ್ದವು. ಎದುರಿನ ಕಾರ್ಖಾನೆಯ ಗೇಟಿಗೆ ಒಂದೂ ಬೀಳಲಿಲ್ಲ.